ಉತ್ತರಪಾದ

ಕಲ್ಯಾಣದ ಆರನೆಯ ವಿಕ್ರಮಾದಿತ್ಯನ ಆಶ್ರಯದಲ್ಲಿದ್ದ ವಿಜ್ಞಾನೇಶ್ವರನು ತನ್ನ ಮಿತಾಕ್ಷರಾ ವ್ಯಾಖ್ಯಾನದಲ್ಲಿ ವ್ಯವಹಾರಕ್ಕೆ ನಾಲ್ಕು ಪಾದಗಳನ್ನು ಹೇಳಿರುವನು. ದೂರನ್ನು ನಿರೂಪಿಸುವುದು ಭಾಷಾಪಾದ, ಅದಕ್ಕೆ ಎದುರಾಳಿಯು ಕೊಡುವ ಪ್ರತಿವಚನವು ಉತ್ತರಪಾದ, ಸಾಕ್ಷಿ ಲೇಖ್ಯಗಳದು ಕ್ರಿಯಾಪಾದ, ನಿರ್ಣಯವು ಸಾಧ್ಯಸಿದ್ಧಿಪಾದ. ಪಾಠಶಾಲೆಯಲ್ಲಿ ಇದನ್ನು ಓದುವಾಗ ಇದು ರಾಜಸಭೆಗಳ ಮಾತೆಂದು ನಾವು ತಿಳಿದಿದ್ದೆವು. ನಮ್ಮ ಹಡಗಲಿ ಸೀಮೆಯೂ ಆ ಚಾಲುಕ್ಯರ ಆಳ್ವಿಕೆಗೆ ಒಳಪಟ್ಟಿದ್ದುದೇ. ಹಿರೇಹಡಗಲಿಯ ಕಲ್ಲೇಶ್ವರ ದೇವಾಲಯವು ಇಂದಿಗೂ ಅದಕ್ಕೆ ಸಾಕ್ಷಿಯಾಗಿ ನಿಂತಿದೆ.

ಈ ಉತ್ತರಪಾದವನ್ನು ಸರಕಾರಿ ನೌಕರನ ಪಾಲಿಗೆ ಉಳಿಸಿಕೊಟ್ಟುದು ಸಂವಿಧಾನದ 311ನೆಯ ಅನುಚ್ಛೇದ. ಅದಕ್ಕೆ ಮುಂಚೆ 1935ರ ಭಾರತ ಸರಕಾರದ ಕಾಯಿದೆಯ 240ನೆಯ ಕಲಮಿನಲ್ಲಿಯೂ ಇದರ ಬೀಜವಿದ್ದಿತು. ಆರೋಪವನ್ನು ತಿಳಿಸದೆ, ವಿಚಾರಣೆ ನಡೆಸದೆ, ಸಮಾಧಾನ ಹೇಳಿಕೊಳ್ಳಲು ಯುಕ್ತವಾದ ಅವಕಾಶ ಕೊಡದೆ ಯಾರನ್ನೂ ಕೆಲಸದಿಂದ ತೆಗೆಯಲಾಗದು. ನಮ್ಮ ರಾಜ್ಯದಲ್ಲಿ ಇದರ ಕ್ರಮವನ್ನು 1957ರ ನಾಗರಿಕ ಸೇವಾ ನಿಯಮಗಳು ವಿವರಿಸುತ್ತವೆ. ಮಂಚೇಗೌಡರೆಂಬ ಮೈಸೂರು ಸರಕಾರದ ಅಧಿಕಾರಿಯೊಬ್ಬರ ವ್ಯಾಜ್ಯವು 1960ರ ದಶಕದ ಆದಿಯಲ್ಲಿ ಸರ್ವೋಚ್ಚ ನ್ಯಾಯಾಲಯದವರೆಗೂ ಹೋಯಿತು. ವಿಚಾರಣಾಧಿಕಾರಿಯು ದರ್ಜೆಯನ್ನು ಇಳಿಸಿದರೆ ಸಾಕೆಂದಿದ್ದರೂ ಸರಕಾರವು ಅವರ ಹಿಂದಿನ ನಡತೆಯನ್ನೂ ಲೆಕ್ಕಕ್ಕೆ ತೆಗೆದುಕೊಂಡು ವಜಾ ಮಾಡಿತ್ತು. ಆದರೆ ನೋಟೀಸಿನಲ್ಲಿ ಆ ಹಿಂದಿನ ಸಂಗತಿಯ ಸುಳಿವೇ ಇರಲಿಲ್ಲ. ಹೇಳದೆ ಇದ್ದುದಕ್ಕೆ ಉತ್ತರ ಕೊಡುವುದು ಹೇಗೆ? ನ್ಯಾಯಾಲಯವು ಆ ವಜಾ ನಿಲ್ಲದೆಂದಿತು. 1993ರಲ್ಲಿ ಕರುಣಾಕರ್ ಅವರ ಮೊಕದ್ದಮೆಯಲ್ಲಿ, ವಿಚಾರಣಾ ವರದಿಯ ಪ್ರತಿಯನ್ನು ಶಿಕ್ಷೆಗೆ ಮುಂಚೆಯೇ ನೌಕರನಿಗೆ ಕೊಡತಕ್ಕದ್ದೆಂದು ಅದೇ ನ್ಯಾಯಾಲಯವು ವಿಧಿಸಿತು.

ನಾನು ಕೂಡ್ಲಿಗಿ ಕೊಟ್ಟೂರುಗಳ ಕಡೆ ಉಪಾಧ್ಯಾಯನಾಗಿದ್ದ ಕಾಲದಲ್ಲಿ ಒಬ್ಬ ಸಹೋದ್ಯೋಗಿಯ ಮೇಲೆ ಬಿಸಿಯೂಟದ ಅಕ್ಕಿಯನ್ನು ಮಾರಿಕೊಂಡರೆಂಬ ಅಪವಾದ ಬಂದಿತು. ಅಮಾನತಾಗಿ ಅರ್ಧ ಸಂಬಳದಲ್ಲಿ ಸಂಸಾರ ಸಾಗಿಸುತ್ತಿದ್ದರು. ಮನೆಗೆ ಬಂದು, “ಗುರುಗಳೇ, ನನ್ನ ಪರವಾಗಿ ನೀವು ಕೂಡಬೇಕು” ಎಂದರು. ಆರೋಪಿತನು ಮತ್ತೊಬ್ಬ ನೌಕರನ ನೆರವು ಪಡೆಯಬಹುದೆಂಬ ನಿಯಮವುಂಟು. ದಾಸ್ತಾನು ಪುಸ್ತಕವನ್ನು ನಾವಿಬ್ಬರೂ ಮೂರು ರಾತ್ರಿ ತಿರುವಿಹಾಕಿದೆವು. ಸಾಕ್ಷಿಯೊಬ್ಬನನ್ನು ಪಾಟೀಸವಾಲು ಮಾಡಿದಾಗ ತಿಳಿದದ್ದೇನೆಂದರೆ, ಮಳೆಗೆ ಉಗ್ರಾಣ ಸೋರಿದ್ದರಿಂದ ನಾಲ್ಕು ಚೀಲಗಳು ನೆರೆಯ ಶಾಲೆಗೆ ಹೋಗಿದ್ದವು. ಅದನ್ನು ಪುಸ್ತಕದಲ್ಲಿ ಯಾರೂ ಬರೆದಿರಲಿಲ್ಲ. ಮಾರಾಟದ ಆರೋಪ ಬಿದ್ದುಹೋಯಿತು. ಲೆಕ್ಕದಲ್ಲಿನ ಅಜಾಗ್ರತೆ ಮಾತ್ರ ನಿಂತು, ಒಂದು ವರ್ಷದ ವೇತನ ಬಡ್ತಿ ತಡೆಯಾಯಿತು. ಅದು ನ್ಯಾಯವೇ ಎಂದು ನನಗೆ ತೋರಿತು. ಅವರಿಗೂ ಹಾಗೆಯೇ ತೋರಿತು. ಆ ಸಾಕ್ಷಿಯನ್ನು ಪ್ರಶ್ನಿಸುವ ಹಕ್ಕಿಲ್ಲದಿದ್ದರೆ ಅವರು ಕಳ್ಳರೆನಿಸಿಕೊಂಡೇ ಮನೆ ಸೇರುತ್ತಿದ್ದರು.

ವಿಚಾರಣೆಗಳು ವರ್ಷಗಟ್ಟಲೆ ಎಳೆಯುತ್ತವೆ, ನಿಜವಾಗಿ ಲಂಚ ತಿಂದವರೂ ಇದರ ಮರೆಯಲ್ಲಿ ತಪ್ಪಿಸಿಕೊಳ್ಳುತ್ತಾರೆ ಎಂದು ಆಕ್ಷೇಪಿಸುವವರುಂಟು. ಪೂರ್ವಪಕ್ಷವು ದುರ್ಬಲವಾದುದಲ್ಲ. ಆದರೆ ವಿಳಂಬವು ವಿಚಾರಣೆ ನಡೆಸುವವರ ದೋಷವೇ ಹೊರತು ವಿಚಾರಣೆಯ ದೋಷವಲ್ಲ. ವಿಚಾರಣೆಯು ಕಾರ್ಯಸಾಧ್ಯವಲ್ಲವೆಂದು ಕಾರಣ ಬರೆದಿಟ್ಟು ಅದನ್ನು ಬಿಡಲು 311ರಲ್ಲಿಯೇ ಎಡೆಯಿದೆ. 1985ರ ತುಳಸೀರಾಂ ಪಟೇಲ್ ತೀರ್ಪು ಅದನ್ನು ಎತ್ತಿಹಿಡಿದಿದೆ. ಆ ಬಾಗಿಲು ಈಗಾಗಲೇ ಸಾಕಷ್ಟು ಅಗಲವಾಗಿದೆಯೆಂದು ನನ್ನ ಎಣಿಕೆ.

ನನ್ನನ್ನು ಹೆಚ್ಚಾಗಿ ಕಾಡುವುದು ಬೇರೆಯೇ ಒಂದು ಸಂಗತಿ. ವರ್ಗಾವಣೆಯು ಕಾನೂನಿನ ದೃಷ್ಟಿಯಲ್ಲಿ ಶಿಕ್ಷೆಯೇ ಅಲ್ಲ. ಆದುದರಿಂದ ಅದಕ್ಕೆ ಮುಂಚೆ ಯಾರ ಅಹವಾಲನ್ನೂ ಕೇಳಬೇಕಾಗಿಲ್ಲ. 2016ರ ಜನವರಿಯಲ್ಲಿ ಕೂಡ್ಲಿಗಿಯ ಡಿವೈಎಸ್ಪಿ ಅನುಪಮಾ ಶೆಣೈ ಅವರನ್ನು ವಿಜಯಪುರ ಜಿಲ್ಲೆಯ ಇಂಡಿಗೆ ವರ್ಗ ಮಾಡಲಾಯಿತು. ಹಡಗಲಿಯ ಶಾಸಕರೂ ಸಚಿವರೂ ಆಗಿದ್ದ ಪಿ. ಟಿ. ಪರಮೇಶ್ವರ ನಾಯ್ಕರ ದೂರವಾಣಿ ಕರೆಯನ್ನು ಅವರು ಕಾಯಿಸಿದ್ದೇ ಕಾರಣವೆಂದು ಪತ್ರಿಕೆಗಳಲ್ಲಿ ವರದಿಯಾಯಿತು. ಜನರು ಪ್ರತಿಭಟಿಸಿದರು, ಆಜ್ಞೆ ಹಿಂದಕ್ಕೆ ಹೋಯಿತು. ಅದೇ ವರ್ಷ ಜೂನ್ ತಿಂಗಳಲ್ಲಿ ಅವರು ರಾಜೀನಾಮೆಯನ್ನೇ ಕೊಟ್ಟರು. ಅವರ ನಡೆಯೆಲ್ಲವೂ ಸರಿಯೆಂದು ನಾನು ವಾದಿಸುತ್ತಿಲ್ಲ. ಆ ವರ್ಗಾವಣೆ ಹಿಂದಕ್ಕೆ ಹೋದುದು ಯಾವ ವಿಚಾರಣೆಯಿಂದಲೂ ಅಲ್ಲ, ಬೀದಿಯ ಕೂಗಿನಿಂದ ಎಂಬುದನ್ನು ಮಾತ್ರ ವಾಚಕರು ಗಮನಿಸಬೇಕು. ಹರಪನಹಳ್ಳಿಯ ಗುಮಾಸ್ತನಿಗಾಗಲಿ ಹಗರಿಬೊಮ್ಮನಹಳ್ಳಿಯ ಶಿಕ್ಷಕಿಗಾಗಲಿ ಅಂಥ ಕೂಗು ಎಲ್ಲಿಂದ ಏಳಬೇಕು?

ಇನ್ನು ಅತಿಥಿ ಶಿಕ್ಷಕರು. ಅವರನ್ನು ಯಾರೂ ತೆಗೆಯುವುದಿಲ್ಲ. ಮರುವರ್ಷ ಕರೆಯುವುದಿಲ್ಲ, ಅಷ್ಟೇ. ಆರೋಪಪತ್ರವಿಲ್ಲದ ಕಡೆ ಉತ್ತರವೆಲ್ಲಿಯದು? ಜೂನ್ ತಿಂಗಳಲ್ಲಿ ಶಾಲೆ ತೆರೆದಾಗ ಹೆಸರು ಪಟ್ಟಿಯಲ್ಲಿದೆಯೇ ಎಂದು ನೋಡಲು ಅವರು ಬಸ್ಸಿಳಿದು ಬರುತ್ತಾರೆ. ಇಲ್ಲದಿದ್ದರೆ ಮಧ್ಯಾಹ್ನದ ಬಸ್ಸಿಗೆ ಹಿಂದಿರುಗುತ್ತಾರೆ.