ಹಿತೈಷಿಣಿ

ತುಂಗಭದ್ರೆಯ ದಡದ ಹರಿಹರ ಕ್ಷೇತ್ರದಲ್ಲಿ ಮೂರ್ತಿಯೊಂದೇ. ಅದರ ಒಂದು ಪಾರ್ಶ್ವ ಹರಿ, ಮತ್ತೊಂದು ಪಾರ್ಶ್ವ ಹರ. ಹೊಯ್ಸಳ ಇಮ್ಮಡಿ ನರಸಿಂಹನ ದಂಡನಾಯಕನಾದ ಪೊಲಾಳ್ವನು 1224ರಲ್ಲಿ ಈ ದೇಗುಲವನ್ನು ಕಟ್ಟಿಸಿದನು. ಬೇರೆಬೇರೆಯೆಂದು ಲೋಕವು ಎಣಿಸಿದ ಎರಡು ತತ್ತ್ವಗಳನ್ನು ಒಂದೇ ಶಿಲೆಯಲ್ಲಿ ಕೂಡಿಸಿದ ಸ್ಥಳವಿದು. ಶಿಲೆಯಲ್ಲಿ ಕೈಗೂಡಿದ ಕೂಡುವಿಕೆಯು ಮನೆಗಳಲ್ಲಿ ಅಷ್ಟು ಸುಲಭವಾಗಿ ಕೈಗೂಡುವುದಿಲ್ಲ. ನೆರೆಯ ಗುತ್ತೂರಿನಿಂದ ದಾವಣಗೆರೆಯ ಕಾಲೇಜುಗಳಿಗೆ ಹೋಗಿಬರುವ ಹೆಣ್ಣುಮಕ್ಕಳಲ್ಲಿ ಓದಿನಲ್ಲಿ ಎಲ್ಲರಿಗೂ ಮುಂದು, ಮಾತಿನಲ್ಲಿ ಎಲ್ಲರಿಂದಲೂ ದೂರವಾಗಿರುವವಳು ಒಬ್ಬಳಾದರೂ ಇರದಿರಲಾರಳು. ಅಂಥವಳು ಯಾವ ಊರಿನಲ್ಲಿಲ್ಲ? “ಅವಳಿಗೆ ಪುಸ್ತಕವೊಂದಿದ್ದರೆ ಸಾಕು, ಮನುಷ್ಯರು ಬೇಡ” ಎಂದು ಮನೆಯ ಹಿರಿಯರು ಬಂದವರೊಡನೆ ಹೆಮ್ಮೆಯಿಂದ ಹೇಳಿಕೊಳ್ಳುವರು. ಆ ಮಾತು ನಿಜವೇ ಎಂದು ಅವಳನ್ನೇ ಕೇಳಿದವರು ವಿರಳ.

ಏಕಾಂತವೆಂಬುದು ಬೇರೆ, ಒಂಟಿತನವೆಂಬುದು ಬೇರೆ. ಏಕಾಂತವನ್ನು ಮನುಷ್ಯನು ತಾನೇ ಬಯಸಿ ಪಡೆಯುತ್ತಾನೆ. ಒಂಟಿತನವು ಬಯಸದವರ ಮೇಲೆ ಬಂದು ಬೀಳುತ್ತದೆ. ಪ್ರತಿಭೆಯುಳ್ಳ ಹೆಣ್ಣಿನ ಮೇಲೆ ಹಾಗೆ ಬಿದ್ದ ಒಂಟಿತನವನ್ನು ಒಬ್ಬಾಕೆ ಹೇಗೆ ದಾಟಿದಳೆಂಬುದನ್ನು ತಿಳಿಯಬೇಕಾದರೆ, ತುಂಗಭದ್ರೆಯ ತೀರವನ್ನು ಬಿಟ್ಟು ಕಪಿಲಾ ತೀರದ ನಂಜನಗೂಡಿಗೆ ಹೋಗಬೇಕು. ಅಲ್ಲಿ 1887ರಲ್ಲಿ ಜನಿಸಿದ ತಿರುಮಲಾಂಬನವರ ಜೀವನವನ್ನು ನೆನೆಯಬೇಕು.

ಅವರ ತಂದೆ ವೆಂಕಟಕೃಷ್ಣ ಅಯ್ಯಂಗಾರ್ಯರು ವಕೀಲರು. ಅಂದಿನ ಪದ್ಧತಿಯಂತೆ ಮಗಳಿಗೆ ಬಾಲ್ಯದಲ್ಲಿಯೇ ವಿವಾಹವಾಯಿತು. ಹದಿನಾಲ್ಕರ ಸುಮಾರಿಗೆ ವೈಧವ್ಯವೂ ಒದಗಿತು. ವಿಧವೆಯರ ಪುನರ್ವಿವಾಹಕ್ಕೆ ಸಮ್ಮತಿಯೀಯುವ ಶಾಸನವು 1856ರಲ್ಲಿಯೇ ಬಂದಿದ್ದರೂ, ಎಂಟು ವರ್ಷ ತುಂಬದ ಹುಡುಗಿಯರ ಮದುವೆಯನ್ನು ಮೈಸೂರು ಸಂಸ್ಥಾನವು 1894ರಲ್ಲಿ ನಿಷೇಧಿಸಿದ್ದರೂ, ಶಾಸನದ ಅಕ್ಷರವು ಮನೆಯ ಹೊಸ್ತಿಲನ್ನು ದಾಟಿ ಒಳಗೆ ಬರಲು ಇನ್ನೂ ಬಹುಕಾಲ ಬೇಕಾಗಿದ್ದಿತು.

ಆ ಕಾಲದ ಬಾಲವಿಧವೆಗೆ ಒದಗುತ್ತಿದ್ದ ಒಂಟಿತನವು ಎಂತಹದೆಂಬುದನ್ನು ಇಂದಿನ ವಾಚಕರು ಸ್ವಲ್ಪ ನಿಂತು ಊಹಿಸಬೇಕು. ಹೆಂಗಸರು ಒಬ್ಬರನ್ನೊಬ್ಬರು ಕಾಣುತ್ತಿದ್ದ ಎಡೆಗಳು ಯಾವುವು? ಅರಿಸಿನ ಕುಂಕುಮದ ಕರೆ, ಹಸೆಯ ಮುಂದಿನ ಹಾಡು, ತೊಟ್ಟಿಲ ಶಾಸ್ತ್ರ, ಆರತಿ, ಬಾಗಿನ. ಇವೆಲ್ಲವೂ ಮಂಗಳಕಾರ್ಯಗಳು, ಆದುದರಿಂದ ಇವೆಲ್ಲವೂ ಆಕೆಗೆ ನಿಷಿದ್ಧ. ನಿನ್ನೆಯವರೆಗೆ ಜೊತೆಯಲ್ಲಿ ಆಡುತ್ತಿದ್ದ ಗೆಳತಿಯ ಮದುವೆಯ ದಿನ ಒಳಕೋಣೆಯಲ್ಲಿ ಕುಳಿತಿರಬೇಕು. ಪತಿಯೊಬ್ಬನನ್ನಷ್ಟೇ ಅಲ್ಲದೆ ಸಮವಯಸ್ಕರ ಲೋಕವನ್ನೇ ಆಕೆ ಒಂದು ದಿನದಲ್ಲಿ ಕಳೆದುಕೊಳ್ಳುತ್ತಿದ್ದಳು. ಅಂತಹ ಮಕ್ಕಳಿಗೆ ಉಳಿಯುತ್ತಿದ್ದುದು ಅಡುಗೆಮನೆ, ದೇವರಮನೆ ಎರಡೇ.

ತಿರುಮಲಾಂಬನವರಿಗೆ ಮೂರನೆಯದೊಂದು ಉಳಿಯಿತು, ಅದು ಓದು. ತಂದೆಯು ಮಗಳ ದುರ್ದೈವಕ್ಕೆ ಕಣ್ಣೀರಿಟ್ಟು ಸುಮ್ಮನಾಗದೆ ಆಕೆಯ ಕೈಗೆ ಗ್ರಂಥಗಳನ್ನಿತ್ತರು. ಕನ್ನಡದೊಡನೆ ತಮಿಳು ತೆಲುಗುಗಳೂ ಆಕೆಗೆ ವಶವಾದುವು. ಓದು ಬರಹವಾಗಿ ಹರಿಯಿತು. ಕಥೆಯು ಇಲ್ಲಿಗೇ ಮುಗಿದಿದ್ದರೆ, ಮುಚ್ಚಿದ ಬಾಗಿಲಿನ ಹಿಂದೆ ಓದಿ, ಬರೆದು, ಬರೆದುದನ್ನು ಪೆಟ್ಟಿಗೆಯಲ್ಲಿಟ್ಟು ತೀರಿಹೋದ ಅಸಂಖ್ಯ ಬುದ್ಧಿವಂತೆಯರಲ್ಲಿ ತಿರುಮಲಾಂಬನವರೂ ಒಬ್ಬರಾಗುತ್ತಿದ್ದರು. ಪ್ರತಿಭೆಯು ಒಂಟಿತನಕ್ಕೆ ಔಷಧವಲ್ಲ. ಎಷ್ಟೋ ವೇಳೆ ಅದೇ ಗೋಡೆಯನ್ನು ಇನ್ನೂ ಎತ್ತರಕ್ಕೆ ಕಟ್ಟುತ್ತದೆ. ತಾನು ಅರಿತುದನ್ನು ಅರಿಯದವರೊಡನೆ ಏನು ಮಾತನಾಡುವುದೆಂಬ ಭಾವವು ಮೊದಲು ಸಂಕೋಚವಾಗಿ ಹುಟ್ಟಿ, ಕಾಲಕ್ರಮದಲ್ಲಿ ತಾತ್ಸಾರವಾಗಿ ಬಲಿಯುವುದುಂಟು.

ತಿರುಮಲಾಂಬನವರು ಹಿಡಿದ ದಾರಿಯು ಇದಕ್ಕೆ ವಿರುದ್ಧವಾದುದು. ತಮ್ಮ ಮನೆಯನ್ನೇ ಪಾಠಶಾಲೆಯನ್ನಾಗಿ ಮಾಡಿ, ಅಕ್ಷರವರಿಯದ ನೆರೆಹೊರೆಯ ಹೆಂಗಸರಿಗೂ ಮಕ್ಕಳಿಗೂ ಅವರು ಓದುಬರಹವನ್ನು ಕಲಿಸಿದರು. ಮಂಗಳದ ಕರೆಗೆ ತಾವು ಹೋಗುವಂತಿರಲಿಲ್ಲ. ಅಕ್ಷರದ ನೆವದಿಂದ ಆ ಹೆಂಗಸರೇ ಅವರೆಡೆಗೆ ಬರುವಂತಾಯಿತು. ಕಲಿಸುವವರು ಕಲಿಯುವವರ ಮುಖವನ್ನು ನೋಡಲೇಬೇಕು. ಯಾವ ಮಾತು ಆಕೆಗೆ ಅರ್ಥವಾಗಲಿಲ್ಲ, ಯಾವ ಕಥೆಗೆ ಕಣ್ಣರಳಿತು, ಯಾವುದಕ್ಕೆ ಕಣ್ಣೀರು ಬಂತು ಎಂಬುದನ್ನು ಗಮನಿಸಲೇಬೇಕು. ಪುಸ್ತಕದ ಮುಂದೆ ಕುಳಿತವರಿಗೆ ಈ ಅಭ್ಯಾಸವು ದೊರೆಯಲಾರದು. ಮನುಷ್ಯರ ಮುಂದೆ ಕುಳಿತವರಿಗೆ ಮಾತ್ರ ದೊರೆಯುತ್ತದೆ.

1913ರಲ್ಲಿ ಅವರು ಒಂದು ಗ್ರಂಥಮಾಲೆಯನ್ನು ಆರಂಭಿಸಿದರು. ಅದರ ಹೆಸರು ‘ಸತೀಹಿತೈಷಿಣೀ’. ಈ ಹೆಸರಿನಲ್ಲಿಯೇ ಅವರ ಮನೋಧರ್ಮವು ವ್ಯಕ್ತವಾಗುತ್ತದೆ. ಕವಿಯೆಂದಾಗಲಿ ಪಂಡಿತೆಯೆಂದಾಗಲಿ ಅವರು ತಮ್ಮನ್ನು ಕರೆದುಕೊಳ್ಳಲಿಲ್ಲ. ತನ್ನಂತಹ ಹೆಣ್ಣುಮಕ್ಕಳ ಹಿತವನ್ನು ಬಯಸುವವಳು ಎಂದಷ್ಟೇ ಹೇಳಿಕೊಂಡರು. ಮೊದಲ ಪುಸ್ತಕವಾದ ‘ಸುಶೀಲೆ’ಯು ಅದೇ ವರ್ಷ ಹೊರಬಂದಿತು. ‘ನಭಾ’, ‘ವಿದ್ಯುಲ್ಲತಾ’ ಮೊದಲಾದುವು ಹಿಂದೆಯೇ ಬಂದುವು. ಅನಂತರ ‘ಕರ್ನಾಟಕ ನಂದಿನಿ’ ಎಂಬ ಮಾಸಪತ್ರಿಕೆಯನ್ನೂ ಅವರು ನಡೆಸಿದರು. ಹಸೆಯ ಮುಂದೆ ಬರುವಂತಿಲ್ಲದ ಆಕೆಯ ಮಾತು ಅಂಚೆಯ ಚೀಲದಲ್ಲಿ ಕುಳಿತು ಊರೂರುಗಳ ಒಳಮನೆಗಳಿಗೆ ಹೋಯಿತು. ಆಧುನಿಕ ಕನ್ನಡದ ಮೊದಲ ಕಾದಂಬರಿಕಾರ್ತಿ, ಪ್ರಕಾಶಕಿ, ಪತ್ರಿಕಾ ಸಂಪಾದಕಿ ಎಂದು ಸಾಹಿತ್ಯಚರಿತ್ರೆಯು ಅವರನ್ನು ಗೌರವಿಸುತ್ತದೆ. ಆದರೆ ಈ ಬಿರುದುಗಳಿಗಿಂತ ಮಿಗಿಲಾದುದು ಅವರು ಜನರೊಡನೆ ಕಟ್ಟಿಕೊಂಡ ಸಂಬಂಧ.

ಇದೇ ದಾರಿಯಲ್ಲಿ ನಡೆದ ಇನ್ನೊಬ್ಬರು ಬೆಂಗಳೂರಿನ ಆರ್. ಕಲ್ಯಾಣಮ್ಮನವರು. ಅವರೂ ಬಾಲವಿಧವೆಯೇ. 1913ರಲ್ಲಿ ಶಾರದಾ ಸ್ತ್ರೀಸಮಾಜವನ್ನು ಸ್ಥಾಪಿಸಿ, ಮುಂದೆ ‘ಸರಸ್ವತಿ’ ಪತ್ರಿಕೆಯನ್ನು ಹಲವು ದಶಕಗಳ ಕಾಲ ನಡೆಸಿ, 1938ರಲ್ಲಿ ಮಕ್ಕಳ ಕೂಟವನ್ನು ಕಟ್ಟಿದವರು. ಒಂದು ಊರು ಇನ್ನೊಂದು ಊರನ್ನು ಕೇಳದೆಯೇ, ಒಳಕೋಣೆಗೆ ದೂಡಲ್ಪಟ್ಟ ಇಬ್ಬರು ಹೆಣ್ಣುಮಕ್ಕಳು ಅದೇ ಒಂದು ವರ್ಷದಲ್ಲಿ ಇತರರನ್ನು ಕೂಡಿಸುವ ಕಾರ್ಯಕ್ಕೆ ಕೈಹಾಕಿದರೆಂಬುದು ನೆನಪಿನಲ್ಲಿಡತಕ್ಕ ಸಂಗತಿ.

ತಿರುಮಲಾಂಬನವರ ಕಥೆಗೆ ಒಂದು ಉತ್ತರಾರ್ಧವೂ ಉಂಟು. ಅದನ್ನು ಮರೆಮಾಚುವುದು ನ್ಯಾಯವಲ್ಲ. ಸಾಹಿತ್ಯದ ಅಭಿರುಚಿಯು ಬದಲಾಯಿತು. ಹೊಸ ವಿಮರ್ಶೆಯ ತಕ್ಕಡಿಯಲ್ಲಿ ಅವರ ಕೃತಿಗಳು ಹಗುರವಾಗಿ ಕಂಡುವು; ಪಾತಿವ್ರತ್ಯದ ಆದರ್ಶವು ಅವುಗಳಲ್ಲಿ ಅತಿಯಾಯಿತೆಂದು ಮುಂದಿನವರಿಗೆ ತೋರಿತು. ಆ ಮಾತಿನಲ್ಲಿ ಸತ್ಯಾಂಶವಿಲ್ಲದಿಲ್ಲ. ಆದರೆ ತೂಗಿದವರು ತೂಗಿ ಮುಂದೆ ಸಾಗಿದರು. ಓದಿ ಉಪಕೃತರಾದವರು ಮಾತನಾಡಲಿಲ್ಲ. ಲೇಖನಿಯು ಮೌನವನ್ನು ಹೊಂದಿತು. ಜೀವನದ ಕೊನೆಯ ದೀರ್ಘಕಾಲವನ್ನು ಅವರು ಸಾಹಿತ್ಯಲೋಕದ ದೃಷ್ಟಿಗೆ ದೂರವಾಗಿಯೇ ಕಳೆದು, 1982ರಲ್ಲಿ ಮದರಾಸಿನಲ್ಲಿ ನಿಧನಹೊಂದಿದರು. ಸಿ. ಎನ್. ಮಂಗಳಾ ಅವರಂತಹ ವಿದುಷಿಯರ ಶ್ರಮದಿಂದ ಅವರ ಹೆಸರು ಪುನಃ ಬೆಳಕಿಗೆ ಬಂದಿತು. ಅವರ ಹೆಸರಿನ ಪ್ರಶಸ್ತಿಯೊಂದು ಲೇಖಕಿಯರಿಗೆ ಸಲ್ಲುವಂತಾಯಿತು.

ಈ ಉತ್ತರಾರ್ಧವು ಪೂರ್ವಾರ್ಧದಷ್ಟೇ ವಿಚಾರಾರ್ಹವಾದುದು. ಇತರರೊಡನೆ ಬೆರೆಯಲು ಕಲಿ ಎಂದು ಲೋಕವು ಒಂಟಿಯಾದವಳಿಗೆ ಉಪದೇಶಿಸುತ್ತದೆ. ಆದರೆ ಸೇತುವೆಗೆ ಎರಡು ದಡಗಳು ಬೇಕು. ತಿರುಮಲಾಂಬನವರು ತಮ್ಮ ದಡದಿಂದ ಕಟ್ಟಬೇಕಾದುದನ್ನು ಕಟ್ಟಿದರು. ಆಚೆಯ ದಡದವರು ಸುಮ್ಮನಾದಾಗ ಅವರು ಮತ್ತೆ ಒಂಟಿಯಾದರು.

ಆದುದರಿಂದ ಗುತ್ತೂರಿನ ಆ ಹುಡುಗಿಯ ವಿಷಯದಲ್ಲಿ ಮಾಡಬೇಕಾದ ಕಾರ್ಯವು ಇಬ್ಬರದೂ ಹೌದು. ಆಕೆಯು ಪಕ್ಕದ ಮನೆಯ ಮಗುವಿಗೆ ಸಂಜೆ ಒಂದು ಗಳಿಗೆ ಲೆಕ್ಕ ಹೇಳಿಕೊಡಲಿ; ಕಣ್ಣು ಮಂಜಾದ ಅಜ್ಜಿಗೆ ಪುಸ್ತಕವನ್ನೋದಿ ಹೇಳಲಿ. ಗೆಳೆತನಕ್ಕೆ ಮೊದಲ ಮಾತು ಯಾವುದೆಂದು ತಿಳಿಯದವರಿಗೆ ಉಪಕಾರವೇ ಮೊದಲ ಮಾತಾಗಬಲ್ಲುದು. ಮನೆಯವರಾದರೋ, “ಅವಳಿಗೆ ಯಾರೂ ಬೇಡ” ಎಂಬ ಹೆಮ್ಮೆಯನ್ನು ಬಿಟ್ಟು, “ಇಂದು ಏನನ್ನೋದಿದೆಯಮ್ಮಾ, ನಮಗೂ ಹೇಳು” ಎಂದು ಕೇಳಲಿ. ಕೇಳಿದ ಮೇಲೆ, ಆಕೆ ಹೇಳಿ ಮುಗಿಸುವ ತನಕ ಎದ್ದುಹೋಗದೆ ಕುಳಿತಿರಲಿ.