ಮಾರಿಷಸ್ ದ್ವೀಪದಲ್ಲಿ ಮೂರು ತಲೆಮಾರು

ಹಿಂದೂ ಮಹಾಸಾಗರದಲ್ಲಿರುವ ಮಾರಿಷಸ್ ದ್ವೀಪಕ್ಕೆ ಮೂಲನಿವಾಸಿಗಳೆಂಬವರಿಲ್ಲ. ಅಲ್ಲಿರುವವರೆಲ್ಲರೂ ಕಡಲನ್ನು ದಾಟಿ ಬಂದವರ ಸಂತತಿಯವರು. ಡಚ್ಚರು, ಫ್ರೆಂಚರು, ಆಂಗ್ಲೇಯರು ಒಬ್ಬರಾದ ಮೇಲೊಬ್ಬರು ಅದನ್ನಾಳಿದರು. ಆಫ್ರಿಕದಿಂದ ಗುಲಾಮರು ತರಲ್ಪಟ್ಟರು. ಚೀಣದಿಂದ ವರ್ತಕರು ಬಂದರು. ನಾವು ಆ ದ್ವೀಪವನ್ನು ಸಂದರ್ಶಿಸಿದಾಗ ಮೊದಲು ನೋಡಿದುದು ರಾಜಧಾನಿ ಪೋರ್ಟ್ ಲೂಯಿಯ ಆಪ್ರವಾಸಿ ಘಾಟನ್ನು.

ಸಮುದ್ರತೀರದ ಈ ಕಲ್ಲಿನ ಮೆಟ್ಟಿಲುಗಳು ನೋಟಕ್ಕೆ ಅಲ್ಪವಾದರೂ ಅವುಗಳ ಚರಿತ್ರೆಯು ದೊಡ್ಡದು. 1835ರಲ್ಲಿ ಗುಲಾಮಗಿರಿಯು ನಿಂತುಹೋಗಲು, ಕಬ್ಬಿನ ತೋಟಗಳಿಗೆ ಆಳುಗಳು ಬೇಕಾದರು. 1834ರಿಂದಲೇ ಮೊದಲ್ಗೊಂಡು ಬಿಹಾರ, ತಮಿಳುನಾಡು ಮುಂತಾದೆಡೆಗಳಿಂದ ನಾಲ್ಕೂವರೆ ಲಕ್ಷದಷ್ಟು ಜನರು ಕರಾರಿನ ಕೂಲಿಗಳಾಗಿ ಬಂದಿಳಿದರು. ಯುನೆಸ್ಕೋ ಸಂಸ್ಥೆಯು 2006ರಲ್ಲಿ ಈ ಸ್ಥಳವನ್ನು ವಿಶ್ವಪರಂಪರೆಯ ಪಟ್ಟಿಗೆ ಸೇರಿಸಿತು.

ನಾವು ಇಳಿದುಕೊಂಡಿದ್ದ ಮನೆಯಲ್ಲಿ ಮೂರು ತಲೆಮಾರಿನವರಿದ್ದರು. ಅಜ್ಜಿಯ ಮಾತು ಭೋಜಪುರಿ. ಆಕೆ ‘ಪಾನಿ’ ಎಂದಾಗ ಸಂಸ್ಕೃತದ ‘ಪಾನೀಯ’ವು ನಮ್ಮ ಕಿವಿಗೆ ಕೇಳಿಸಿತು. ಮೊಮ್ಮಗನು ನೀರನ್ನು ತಂದಿತ್ತನು. ಆದರೆ ಕ್ರಿಯೋಲ್ ಭಾಷೆಯಲ್ಲಿ ಉತ್ತರಿಸಿದನು. ಅವನ ಪಾಠಗಳು ಇಂಗ್ಲಿಷಿನವು. ಮನೆಗೆ ಬರುವ ಪತ್ರಿಕೆಯು ಫ್ರೆಂಚಿನದು.

“ಗುರುಗಳೇ, ನಮ್ಮ ತಾತನು ತನ್ನನ್ನು ಬಿಹಾರದವನೆಂದನು, ತಂದೆಯವರು ಭಾರತೀಯರೆಂದರು, ನನ್ನ ಮಗನು ಮಾರಿಷಸ್ಸಿನವನೆನ್ನುತ್ತಾನೆ” ಎಂದು ಯಜಮಾನರು ಹೇಳಿದರು. ಅಜ್ಜಿಯು ಬಲ್ಲ ಮದುವೆಯ ಹಾಡುಗಳಿಗೆ ಗೀತ್ ಗವಾಯಿ ಎಂದು ಹೆಸರು. 2016ರಲ್ಲಿ ಅವಕ್ಕೂ ಯುನೆಸ್ಕೋ ಮನ್ನಣೆಯು ದೊರೆಯಿತು. “ನನ್ನ ತರುವಾಯ ಈ ಮನೆಯಲ್ಲಿ ಹಾಡುವವರಾರು?” ಎಂದು ಆಕೆ ಕೇಳಿದಳು. ಯಾರೂ ಉತ್ತರ ಕೊಡಲಿಲ್ಲ.

ಈ ಐಕ್ಯವು ಸುಲಭವಾಗಿ ಬಂದುದಲ್ಲ. 1968ನೆಯ ಮಾರ್ಚ್ 12ರಂದು ಸ್ವಾತಂತ್ರ್ಯವು ಲಭಿಸುವುದಕ್ಕೆ ಕೆಲವೇ ವಾರಗಳ ಹಿಂದೆ ರಾಜಧಾನಿಯಲ್ಲಿ ಕೋಮುಗಲಭೆಗಳಾಗಿದ್ದುವು. ಎಲ್ಲ ಸಮುದಾಯಗಳಿಗೂ ಪ್ರಾತಿನಿಧ್ಯವಿರಲೆಂದು ಶಾಸನಸಭೆಯಲ್ಲಿ ಎಂಟು ಸ್ಥಾನಗಳು ಬೇರೆಯಾಗಿಡಲ್ಪಟ್ಟುವು. 1982ರಲ್ಲಿ ಜನಗಣತಿಯೊಳಗೆ ಸಮುದಾಯವನ್ನು ಕೇಳುವುದನ್ನು ಬಿಟ್ಟರು. ಆದರೂ ಆ ಸ್ಥಾನಗಳ ಲೆಕ್ಕಕ್ಕೆ 1972ರ ಗಣತಿಯೇ ಆಧಾರವಾಗಿ ಉಳಿಯಿತು. ಹೀಗೆ ತಾತಂದಿರ ಕಾಲದ ಪಟ್ಟಿಯು ಮೊಮ್ಮಕ್ಕಳನ್ನು ವಿಂಗಡಿಸುತ್ತಿದೆ. 1998ರಲ್ಲಿ ಹೊಸ ನೋಟುಗಳ ಮೇಲೆ ತಮಿಳಿಗಿಂತ ಹಿಂದಿಯನ್ನು ಮುಂದಿಟ್ಟುದರಿಂದ ತಮಿಳರು ಕೆರಳಿದರು. ಸರ್ಕಾರವು ಆ ನೋಟುಗಳನ್ನು ಹಿಂತೆಗೆದುಕೊಳ್ಳಬೇಕಾಯಿತು.

ಆ ಬಾಲಕನಾದರೋ ಶಿವರಾತ್ರಿಯಲ್ಲಿ ಗಂಗಾ ತಲಾವ್ ಸರೋವರಕ್ಕೆ ಕಾಲ್ನಡಿಗೆಯಲ್ಲಿ ಹೋಗುವವನೇ. ದೇಶವು ಹೊಸದಾದರೂ ದೇವರು ಅಜ್ಜಿಯ ದೇವರೇ. ಹುಟ್ಟಿದ ನೆಲವನ್ನು ತನ್ನದೆನ್ನುವುದರಲ್ಲಿ ಪಿತೃದ್ರೋಹವೇನೂ ಇಲ್ಲವೆಂದು ನಮಗೆ ತೋರಿತು. ಆದರೆ ಮಾತು ಮತ್ತು ಹಾಡುಗಳನ್ನು ಮನ್ನಣೆಯ ಪತ್ರಗಳು ಉಳಿಸಲಾರವು. ಮನೆಯಲ್ಲಿ ಯಾರಾದರೂ ದಿನವೂ ಆಡಬೇಕು, ಹಾಡಬೇಕು. ದೂರದೇಶಗಳಲ್ಲಿ ನೆಲಸಿದ ಮಕ್ಕಳುಳ್ಳ ವಾಚಕರು ಈ ಮಾತನ್ನು ಸಾವಧಾನವಾಗಿ ಯೋಚಿಸಲಿ.