ಸೊಕ್ಕಿಳಿಸುವ ಶಿಲೆ

ಶಿರಸಿ, ಸಿದ್ದಾಪುರ, ಯಲ್ಲಾಪುರಗಳ ಸೀಮೆಯಲ್ಲಿ ‘ಬೆಟ್ಟ’ವೆಂಬ ಮಾತಿಗೆ ಬೇರೊಂದು ಅರ್ಥವೇ ಉಂಟು. ಅಡಕೆ ತೋಟಕ್ಕೆ ಸೊಪ್ಪನ್ನೂ ದರಕನ್ನೂ ಒದಗಿಸುವ ಕಾಡಿನ ತುಂಡನ್ನು ಅಲ್ಲಿಯವರು ಬೆಟ್ಟವೆಂದು ಕರೆಯುತ್ತಾರೆ. ತೋಟವು ಬೆಟ್ಟವನ್ನೂ ಬೆಟ್ಟವು ಮಳೆಯನ್ನೂ ನೆಚ್ಚಿ ಬಾಳುವ ಆ ನೆರೆಯಲ್ಲಿ, ಯಾರ ನೆರವನ್ನೂ ಬೇಡದೆ ಒಂಟಿಯಾಗಿ ತಲೆಯೆತ್ತಿ ನಿಂತಂತೆ ತೋರುವ ಶಿಲೆಯೊಂದುಂಟು. ಅದೇ ಯಾಣ.

ಯಾಣವು ಕುಮಟಾ ತಾಲ್ಲೂಕಿಗೆ ಸೇರಿದ ಊರು. ಶಿರಸಿಯಿಂದ ಸುಮಾರು 40 ಕಿಲೋಮೀಟರು. ಶಿರಸಿಯ ಕಡೆಯಿಂದ ಹೊರಟ ಯಾತ್ರಿಕನಿಗೆ ದಾರಿಯುದ್ದಕ್ಕೂ ಮರಗಳಲ್ಲದೆ ಬೇರೇನೂ ಕಾಣದು. ಕಡೆಯ ಕಾಲುದಾರಿಯ ತಿರುವಿನಲ್ಲಿ ಹಸುರಿನ ತೆರೆ ಸರಿದಂತಾಗಿ, ಕಪ್ಪು ಶಿಲೆಯ ಗೋಡೆ ಎದುರಿಗೆ ನಿಂತುಬಿಡುತ್ತದೆ. ಮುಂದಿರುವ ಭೈರವೇಶ್ವರ ಶಿಖರದ ಎತ್ತರ 120 ಮೀಟರು. ಮೋಹಿನಿ ಶಿಖರದ್ದು 90 ಮೀಟರು. ದಿಲ್ಲಿಯ ಕುತುಬ್ ಮಿನಾರನ್ನು ತಂದು ಪಕ್ಕದಲ್ಲಿ ನಿಲ್ಲಿಸಿದರೆ, ಅದು ಮೋಹಿನಿಯ ಭುಜಕ್ಕೆ ಬಂದೀತು, ಅಷ್ಟೆ!

ಭಸ್ಮಾಸುರನು ಮೋಹಿನಿಯ ನೃತ್ಯಕ್ಕೆ ಮರುಳಾಗಿ, ತನ್ನ ತಲೆಯ ಮೇಲೆ ತಾನೇ ಕೈಯಿಟ್ಟು ಬೂದಿಯಾದುದು ಇಲ್ಲಿಯೇ ಎಂಬುದು ಐತಿಹ್ಯ. ಸುತ್ತಣ ಮಣ್ಣು ಕಪ್ಪಾಗಿರುವುದಕ್ಕೆ ಆ ಬೂದಿಯೇ ಕಾರಣವೆಂದು ಭಕ್ತರು ತೋರಿಸುತ್ತಾರೆ. ಭೂವಿಜ್ಞಾನದ ಪ್ರಕಾರ ಇದು ಸುಣ್ಣಕಲ್ಲು. ಮಳೆಯ ನೀರು ಗಾಳಿಯಿಂದಲೂ ಮಣ್ಣಿನಿಂದಲೂ ತುಸು ಹುಳಿಯನ್ನು ಹೀರಿಕೊಂಡು, ಕಲ್ಲನ್ನು ಯುಗಯುಗಗಳಿಂದ ಕರಗಿಸುತ್ತ ಬಂದಿದೆ. ಶಿಖರದ ಮೊನಚು, ಮೈಯ ಸೀಳು, ಒಳಗಣ ಗುಹೆ ಎಲ್ಲವೂ ನೀರಿನ ಕೆಲಸ. ಆ ಗುಹೆಯಲ್ಲಿಯೇ ಭೈರವೇಶ್ವರನ ಲಿಂಗ. ಮೇಲಿನ ಬಂಡೆಯಿಂದ ಹನಿಯುವ ನೀರೇ ಅದಕ್ಕೆ ಅಭಿಷೇಕ.

ಒಂಟಿ ಬೆಟ್ಟವೆಂದೊಡನೆ ಮರುಭೂಮಿಯ ನೆನಪಾಗುವುದು ಸಹಜ. ಆಸ್ಟ್ರೇಲಿಯದ ನಡುನಾಡಿನ ಕೆಂಪು ಮರಳಿನಲ್ಲಿ ಉಲುರು ಎಂಬ ಬಂಡೆ 348 ಮೀಟರು ಎದ್ದುನಿಂತಿದೆ. ಅದು ಬಹುದೂರದಿಂದಲೇ ಕಣ್ಣಿಗೆ ಬೀಳುವುದು. ಯಾಣವೋ, ಬುಡಕ್ಕೆ ಬರುವವರೆಗೂ ಮರೆಯಲ್ಲಿಯೇ ಇರುವುದು. ಒಂದಕ್ಕೆ ಬಯಲು, ಇನ್ನೊಂದಕ್ಕೆ ಕಾಡು. ಆದರೆ ಎರಡೂ ನೆರೆಯ ಜನಕ್ಕೆ ಪವಿತ್ರ. ಅಲ್ಲಿಯ ಮೂಲನಿವಾಸಿಗಳಾದ ಅನಂಗು ಜನರ ಶ್ರದ್ಧೆಯನ್ನು ಮನ್ನಿಸಿ, 2019ರ ಅಕ್ಟೋಬರಿನಿಂದ ಉಲುರುವನ್ನು ಏರುವುದನ್ನೇ ನಿಲ್ಲಿಸಲಾಯಿತು.

ಯಾಣಕ್ಕೆ ಇಂಥ ಕಾವಲನ್ನು ಬಹುಕಾಲ ಕೊಟ್ಟದ್ದು ದಾರಿಯ ಕಷ್ಟ. ‘ಸೊಕ್ಕಿದ್ದವರು ಯಾಣಕ್ಕೆ, ರೊಕ್ಕಿದ್ದವರು ಗೋಕರ್ಣಕ್ಕೆ’ ಎಂಬುದು ಆ ಕಡೆಯ ಗಾದೆ. ಮೈಯಲ್ಲಿ ಕಸುವಿದ್ದವನೇ ಕಾಡು, ಹಳ್ಳ, ಏರುಗಳನ್ನು ದಾಟಿ ಅಲ್ಲಿಗೆ ತಲಪಬೇಕಾಗಿತ್ತು. ಈಗ ಹಾಗಿಲ್ಲ. 1990ರ ದಶಕದಲ್ಲಿ ‘ನಮ್ಮೂರ ಮಂದಾರ ಹೂವೆ’ ಚಲನಚಿತ್ರವು ಯಾಣವನ್ನು ಮನೆಮಾತಾಗಿಸಿತು. ರಸ್ತೆಯೂ ಹತ್ತಿರಕ್ಕೆ ಬಂದಿತು. ಮುದುಕರೂ ಮಕ್ಕಳೂ ದರ್ಶನ ಪಡೆಯುವಂತಾದುದು ಸಂತೋಷದ ಸಂಗತಿಯೇ. ಆದರೆ ದಾರಿ ಸವೆದಂತೆ ಕಾವಲೂ ಸಡಿಲವಾಯಿತು.

ಅದರಿಂದ ಬಂಡೆಗೇನು ಕೇಡೆಂದು ಕೇಳಬಹುದು. ಬಂಡೆ ಒಂಟಿಯಾಗಿದ್ದರೆ ಕೇಡಿಲ್ಲವೆನ್ನಬಹುದಾಗಿತ್ತು. ತಲೆಯೆತ್ತಿ ನೋಡಿದರೆ ಕಡಿದಾದ ಮೈಯಲ್ಲಿ ಹೆಜ್ಜೇನಿನ ಹುಟ್ಟುಗಳು ಜೋತಿರುತ್ತವೆ. ಕೂಗಿಗೂ ಹೊಗೆಗೂ ಅವು ಕೆರಳಿ ಏಳುವುವು. ಆ ಜೇನಿಗೆ ಸುತ್ತಣ ಕಾಡಿನ ಹೂವು ಬೇಕು. ಕಾಡಿನ ಮರಕ್ಕೂ ಅಡಕೆ ಸೀಮೆಯ ತೋಟಕ್ಕೂ ಜೇನು ಬೇಕು. ಇಲ್ಲಿಯ ಚಂಡಿಹೊಳೆ ಅಘನಾಶಿನಿಯನ್ನು ಸೇರುತ್ತದೆ. ಶಿರಸಿಯ ಬಳಿ ಹುಟ್ಟುವ ಅಘನಾಶಿನಿಯೋ, ದೊಡ್ಡ ಅಣೆಕಟ್ಟೊಂದನ್ನೂ ಕಾಣದೆ ತದಡಿಯ ಬಳಿ ಕಡಲನ್ನು ಕೂಡುವ ನದಿ. ಅದರ ಕಣಿವೆಯಲ್ಲಿ ವಾಸಿಸುವ ಸಿಂಗಳೀಕಗಳಿಗಾಗಿ 2011ರಲ್ಲಿ ಸಂರಕ್ಷಿತ ಪ್ರದೇಶವನ್ನು ಘೋಷಿಸಲಾಯಿತು. ಯಾಣದ ಬುಡದಲ್ಲಿ ಎಸೆದ ಕಸವು ಮೊದಲ ಮಳೆಗೆ ಹೊಳೆಯ ಪಾಲು. ಹೊಳೆಯ ಪಾಲಾದುದು ನದಿಯ ಪಾಲು.

ಭೈರವೇಶ್ವರನ ಗುಹೆಯಿಂದ ಹೊರಬರುವ ಯಾತ್ರಿಕನು ಮತ್ತೊಮ್ಮೆ ತಲೆಯೆತ್ತಿ ನೋಡದಿರನು. ಆ ಎತ್ತರದ ಮುಂದೆ ಮನುಷ್ಯನ ಸೊಕ್ಕು ತಾನಾಗಿ ಇಳಿಯುತ್ತದೆ. ಹಿಂದೆ ಯಾಣವನ್ನು ತಲಪಲು ಸೊಕ್ಕು ಬೇಕಾಗಿತ್ತು. ಇಂದು ಯಾಣವು ಉಳಿಯಬೇಕಾದರೆ, ಬಂದವರು ಅದನ್ನು ಅಲ್ಲಿಯೇ ಬಿಟ್ಟು, ತಂದ ಮಿಕ್ಕ ವಸ್ತುಗಳನ್ನೆಲ್ಲ ಹಿಂದಕ್ಕೆ ಒಯ್ಯಬೇಕು.